ಮಾಂಸ ಬೇಯಿಸಿದ ನೀರಿಗೆ ಏನಂತೀರಾ? (ಯುಕ್ಕೆಜಾಂಗ್ ಬಗ್ಗೆ ಬರೀತಾ ಬಂದ ಪ್ರಶ್ನೆ)

ಎಲ್ರಿಗೂ ನಮಸ್ಕಾರ. ಕೊರಿಯಾದ ಯುಕ್ಕೆಜಾಂಗ್ ಅನ್ನೋ ಖಾರದ ದನದ ಮಾಂಸದ ಅಡುಗೆನ ಮನೇಲಿ ಮಾಡೋದು ಹೇಗೆ ಅಂತ ಕನ್ನಡದಲ್ಲಿ ಬರೀತಿದೀನಿ, ಒಂದೆರಡು ಕಡೆ ಪದ ಸಿಗದೆ ಅಲ್ಲಲ್ಲೇ ನಿಂತಿದೆ, ಗೊತ್ತಿರೋರು ಹೇಳಿ.

ಮೊದಲು ಇದನ್ನ ಸ್ಟ್ಯೂ ಅನ್ನೋದು ನಂಗೆ ಒಪ್ಪಿಗೆ ಇಲ್ಲ. ಅವರಲ್ಲಿ ತೆಳ್ಳಗಿರೋದು ಗುಕ್, ಕಮ್ಮಿ ನೀರಲ್ಲಿ ಗಟ್ಟಿಯಾಗಿ ಕುದಿಸೋದು ಜಿಗೆ, ಯುಕ್ಕೆಜಾಂಗ್ ಗುಕ್ ಜಾತಿದು, ಅನ್ನದ ಜೊತೆ ಉಣ್ಣೋದು, ಹಾಗಾಗಿ ಸಾರು ಅಂದ್ರೇನೇ ಸರಿ. ಹಳೇ ಮೈಸೂರು ಕಡೆ ಮಟನ್ ಸಾರು, ಕೋಳಿ ಸಾರು ಹೇಗೂ ಇದೆಯಲ್ಲ. ಹೆಸರಲ್ಲಿರೋ ಯುಕ್ ಅಂದ್ರೆ ಮಾಂಸ, ಇಲ್ಲಿ ದನದ್ದು ಅಂತ ತಾನಾಗೇ ಅರ್ಥ ಆಗುತ್ತೆ, ನಮ್ಮಲ್ಲಿ ಬಾಡೂಟ ಅಂದ ತಕ್ಷಣ ಕುರಿ ಮೇಕೆ ಅಂದ್ಕೊಳ್ಳಲ್ವಾ ಹಾಗೆ. ಕೆಜಾಂಗ್ ಅನ್ನೋದು ನಾಯಿ ಮಾಂಸದ ಸಾರು, ಬೇಸಿಗೇಲಿ ಮೈಗೆ ಕಸುವು ಬರ್ಲಿ ಅಂತ ಹಿಂದೆ ತಿಂತಿದ್ದದ್ದು, ಅದೇ ಥರ ದನದ ಮಾಂಸ ಹಾಕಿ ಮಾಡಿದ್ದು ಇದು, ಕೋಳಿ ಹಾಕಿದ್ರೆ ದಾಕ್ಕೆಜಾಂಗ್. ನಾಯಿ ಮಾಂಸದ ವ್ಯಾಪಾರನೇ ನಿಲ್ಲಿಸೋ ಕಾನೂನು ದಕ್ಷಿಣ ಕೊರಿಯಾದಲ್ಲಿ 2024ರ ಜನವರೀಲಿ ಪಾಸಾಗಿದೆ, ಹೆಸರಲ್ಲಿ ಮಾತ್ರ ನಾಯಿ ಹಾಗೇ ಇದೆ.

ಈಗ ಪ್ರಶ್ನೆ. ಎದೆ ಭಾಗದ ಮಾಂಸ ಅರ್ಧ ಕೆಜಿ, ತುಂಡು ಮಾಡದೆ ಇಡಿಯಾಗೇ ತಣ್ಣೀರಲ್ಲಿ ಅರ್ಧ ಗಂಟೆ ನೆನೆಹಾಕಿ ರಕ್ತ ಬಿಡಿಸಿ, ಎರಡೂವರೆ ಲೀಟರ್ ನೀರಲ್ಲಿ ಈರುಳ್ಳಿ ಬೆಳ್ಳುಳ್ಳಿ ಜೊತೆ ಸಣ್ಣ ಉರೀಲಿ ಒಂದೂವರೆ ಗಂಟೆ ಬೇಯಿಸ್ತಾರೆ, ನೊರೆ ಬಂದ ಹಾಗೆ ತೆಗೀತಾ ಇರ್ಬೇಕು. ಮಾಂಸ ಎತ್ತಿಟ್ಟ ಮೇಲೆ ಉಳಿಯೋ ನೀರಿಗೆ ಕೊರಿಯನ್ನಲ್ಲಿ ಯುಕ್ಸು ಅಂತಾರೆ. ನಮ್ಮಲ್ಲಿ? ಬೇಳೆ ಬೇಯಿಸಿದ್ದಕ್ಕೆ ಕಟ್ಟು ಅಂತೀವಿ, ಒಬ್ಬಟ್ಟಿನ ಸಾರು ಮಾಡೋದೇ ಅದ್ರಲ್ಲಿ, ಆದ್ರೆ ಮಾಂಸದ ಕಟ್ಟು ಅಂತ ಯಾರೂ ಅಂದಿದ್ದು ನಾನು ಕೇಳಿಲ್ಲ. ಬಸಿದ ನೀರು ಅಂದ್ರೆ ಸೊಪ್ಪು ಕಾಳು ನೆನಪಾಗುತ್ತೆ. ಎಸರು ಅನ್ನೋಣ ಅಂದ್ರೆ ಮುದ್ದೆಗೆ ಎಸರಿಡೋದು ಬರೀ ನೀರು, ಕೋಲಾರ ತುಮಕೂರು ಕಡೆಯವರಿಗೆ ಎಸ್ರು ಅಂದ್ರೆ ಆಗ್ಲೇ ಖಾರ ಹಾಕಿ ಮುಗಿದಿರೋ ಸಾರು, ನಂಗೆ ಬೇಕಾಗಿರೋದು ಇವೆರಡರ ಮಧ್ಯದ್ದು, ರುಚಿ ಬಿಟ್ಟಿರಬೇಕು ಖಾರ ಬಿದ್ದಿರಬಾರ್ದು. ಸೂಪ್ ಅಂತ ಬರೆದು ಕೈತೊಳ್ಕೊಳ್ಳಬಹುದು, ಆದ್ರೆ ಕಾಲು ಸೂಪ್ ಅಂದ್ರೆ ಅದು ಕುಡಿಯೋಕೆ ರೆಡಿ ಇರೋದು ತಾನೆ.

ಎರಡನೇದು, ಬೆಂದ ಮಾಂಸನ ಚಾಕು ಮುಟ್ಟಿಸದೆ ಕೈಯಲ್ಲೇ ನಾರಿನ ಉದ್ದಕ್ಕೆ ಬಿಡಿಸೋದು. ಹರಿಯೋದು ಅಂದ್ರೆ ಹೆಂಗಂದ್ರೆ ಹಂಗೆ ಹರಿದಂಗೆ, ಸಿಗಿಯೋದು ಅಂದ್ರೆ ಸೌದೆ ಸಿಗಿದಂಗೆ ಕೇಳ್ಸುತ್ತೆ, ಸದ್ಯಕ್ಕೆ ಎಳೆ ಎಳೆಯಾಗಿ ಬಿಡಿಸಿ ಅಂತ ಬರ್ದಿದೀನಿ.

ಈ ಎಳೆಗಳಿಗೆ ಬೇಯಿಸಿದ ತರಕಾರಿ ಸೇರಿಸಿ, ಗೊಚುಗಾರು ಅನ್ನೋ ತರಿ ತರಿ ಒಣ ಮೆಣಸಿನಕಾಯಿ ಪುಡಿ ನಾಲ್ಕು ಚಮಚ, ಜಜ್ಜಿದ ಬೆಳ್ಳುಳ್ಳಿ, ಸಾರಿಗೇ ಅಂತ ಇರೋ ಸೋಯಾ ಸಾಸ್, ಎಳ್ಳೆಣ್ಣೆ ಹಾಕಿ ಕೈಯಲ್ಲೇ ಕಲಸಿಟ್ಟು ಆಮೇಲೆ ಆ ನೀರಿಗೆ ಬಿಟ್ಟು ಕುದಿಸೋದು. ಕೆಲವರು ಪುಡಿನ ಮೊದಲು ಎಣ್ಣೇಲಿ ಬಾಡಿಸ್ತಾರೆ, ಉರಿ ಜಾಸ್ತಿ ಆದ್ರೆ ಸೀದು ಕಹಿ ಬರುತ್ತೆ. ಗೊಚುಗಾರು ಸಿಗದಿದ್ರೆ ಬೀಜ ತೆಗೆದ ಬ್ಯಾಡಗಿ ಮೆಣಸಿನಕಾಯಿ ತರಿಯಾಗಿ ಪುಡಿ ಮಾಡ್ಕೊಳ್ಳಿ, ಬಣ್ಣ ಚೆನ್ನಾಗಿ ಬರುತ್ತೆ, ಗುಂಟೂರು ಬೇಡ್ವೇ ಬೇಡ.

ತರಕಾರಿಲಿ ದಪ್ಪ ಈರುಳ್ಳಿ ದಂಟು, ಹೆಸರುಕಾಳಿನ ಉದ್ದ ಮೊಳಕೆ, ಒಣಗಿಸಿದ ಕೆಸುವಿನ ದಂಟು (ನೆನೆಸಿ ಬೇಯಿಸದಿದ್ರೆ ಗಂಟಲು ತುರಿಸುತ್ತೆ, ಮಲೆನಾಡಿನೋರಿಗೆ ಹೇಳ್ಬೇಕಾಗಿಲ್ಲ), ಆಮೇಲೆ ಗೊಸಾರಿ. ಇದು ಜರಿಗಿಡದ ಎಳೇ ಚಿಗುರು, ಹಸಿಯಾಗಿ ತಿಂದ್ರೆ ವಿಷ, ಒಣಗಿರೋದನ್ನ ರಾತ್ರಿಯೆಲ್ಲಾ ನೆನೆಸಿ ಬೇಯಿಸಿ ಆ ನೀರು ಚೆಲ್ಲಬೇಕು. ಕೊಡಗಲ್ಲಿ ಮಳೆಗಾಲದಲ್ಲಿ ತಿನ್ನೋ ತೆರ್ಮೆ ತೊಪ್ಪು ಇದರ ನೆಂಟ, ಆದ್ರೆ ಜಾತಿ ಬೇರೆ, ಅದೇ ಹೆಸರು ಇಟ್ರೆ ಓದೋರು ಕಾಡಿಗೆ ಹೋಗಿ ಯಾವ್ದೋ ಜರಿ ಕಿತ್ತು ಹಾಕಿದ್ರೆ ಕಷ್ಟ, ಅದಕ್ಕೆ ಗೊಸಾರಿ ಅಂತಲೇ ಬಿಡೋದು ಅಂತ ಇದೀನಿ.

ಆ ಮಾಂಸದ ನೀರಿಗೆ ನಿಮ್ಮ ಮನೇಲಿ, ಅದ್ರಲ್ಲೂ ಉತ್ತರ ಕರ್ನಾಟಕದ ಕಡೆ, ಮುಸ್ಲಿಂ ಕ್ರಿಶ್ಚಿಯನ್ ಮನೆಗಳಲ್ಲಿ ಬೇರೆ ಮಾತಿದ್ರೆ ಯಾವೂರು ಅಂತ ಸೇರಿಸಿ ತಿಳಿಸಿ.