ಚಳಿಗಾಲದಲ್ಲಿ ಬಿಯರ್ಡೆಡ್ ಡ್ರ್ಯಾಗನ್ ಪೆಟ್ಟಿಗೆಯ ಶಾಖ ಏರುಪೇರು: ಬಲ್ಬ್ ಬದಲಿಸಬೇಕೋ, ಥರ್ಮೋಸ್ಟಾಟೋ?

ಮರಳುದಿಬ್ಬ (ಲೀಡ್ಸ್, ಇಂಗ್ಲೆಂಡ್)

ಎಲ್ಲರಿಗೂ ನಮಸ್ಕಾರ. ನನ್ನದು ಮೂರು ವರ್ಷದ ಗಂಡು ಬಿಯರ್ಡೆಡ್ ಡ್ರ್ಯಾಗನ್ (ಮನೆಯಲ್ಲಿ ಸಾಕುವ ಒಂದು ಬಗೆಯ ಹಲ್ಲಿ). ಅದನ್ನಿಟ್ಟಿರುವ ಮರದ ಪೆಟ್ಟಿಗೆ (ವೈವೇರಿಯಂ): 4 ಅಡಿ ಉದ್ದ, 2 ಅಡಿ ಅಗಲ, 2 ಅಡಿ ಎತ್ತರ, ಮುಂದೆ ಜಾರುವ ಗಾಜಿನ ಬಾಗಿಲು. ಬಲತುದಿಯಲ್ಲಿ 75 ವ್ಯಾಟ್‌ನ ಹ್ಯಾಲೊಜೆನ್ ಸ್ಪಾಟ್ ಬಲ್ಬ್, ಅದರ ಕೆಳಗೆ ಮೈ ಕಾಯಿಸಿಕೊಳ್ಳಲು ಒಂದು ಮರದ ದಿಮ್ಮಿ. ಬಲ್ಬನ್ನು ಹೀಟ್ ಮ್ಯಾಟ್‌ಗೆ ಬಳಸುವ ಆನ್-ಆಫ್ ಥರ್ಮೋಸ್ಟಾಟ್‌ಗೆ ಜೋಡಿಸಿ 38 ಡಿಗ್ರಿಗೆ ಇಟ್ಟಿದೆ. ಅದರ ಪ್ರೋಬ್ (ಶಾಖ ಅಳೆಯುವ ತುದಿ) ಹಿಂದಿನ ಗೋಡೆಗೆ ರಬ್ಬರ್ ಬಟ್ಟಲಿನಿಂದ ಅಂಟಿದೆ. ಬಿಸಿಲಿನ ಅತಿನೇರಳೆ ಕಿರಣ ಕೊಡುವ ಯುವಿಬಿ ಟ್ಯೂಬ್ 12 ಪರ್ಸೆಂಟಿನದು, ಬೇರೆ ಟೈಮರ್ ಮೇಲೆ ಓಡುತ್ತೆ.

ಗೋಡೆಯ ಡಯಲ್ ಥರ್ಮಾಮೀಟರ್ ಸದಾ 36ರ ಹತ್ತಿರ ತೋರಿಸುತ್ತೆ. ಆದರೆ ದೂರದಿಂದಲೇ ಮೇಲ್ಮೈ ಶಾಖ ಅಳೆಯುವ ಇನ್‌ಫ್ರಾರೆಡ್ ಗನ್ ಹಿಡಿದರೆ ದಿಮ್ಮಿಯ ಮೇಲೆ ಒಮ್ಮೆ 34, ಸ್ವಲ್ಪ ಹೊತ್ತು ಬಿಟ್ಟು 49. ಬಲ್ಬ್ ಎಂಟು-ಹತ್ತು ನಿಮಿಷಕ್ಕೊಮ್ಮೆ ಆರಿ ಹೊತ್ತಿಕೊಳ್ಳುತ್ತೆ, ಬೇಗ ಬೇಗ ಸುಟ್ಟೂ ಹೋಗುತ್ತೆ. ತಂಪು ತುದಿಯಲ್ಲಿ 21. ರಾತ್ರಿ ಮನೆಯ ಹೀಟಿಂಗ್ ಆಫ್ ಆಗುವುದರಿಂದ ಬೆಳಿಗ್ಗೆ ಪೆಟ್ಟಿಗೆಯೊಳಗೆ 15. ಪ್ರಾಣಿ ಮೈ ಕಪ್ಪಗೆ ಮಾಡಿಕೊಂಡು ಮಧ್ಯಾಹ್ನದವರೆಗೂ ಚಪ್ಪಟೆಯಾಗಿ ಮಲಗಿರುತ್ತೆ, ತಿನ್ನುವುದೂ ಕಡಿಮೆಯಾಗಿದೆ. ಮೊದಲು ಯಾವುದನ್ನು ಸರಿಮಾಡಲಿ?

ಕಲ್ಲುಬಂಡೆ

ಬಲ್ಬ್‌ಗೆ ಕೈ ಹಾಕುವ ಮೊದಲು ಥರ್ಮೋಸ್ಟಾಟ್ ಬದಲಿಸಿ. ನಿಮ್ಮ ತೊಂದರೆಯ ಬೇರು ಅಲ್ಲೇ ಇದೆ.

ಆನ್-ಆಫ್ ಥರ್ಮೋಸ್ಟಾಟ್‌ಗೆ ಗೊತ್ತಿರುವುದು ಪೂರ್ತಿ ಕರೆಂಟ್ ಕೊಡುವುದು, ಪೂರ್ತಿ ನಿಲ್ಲಿಸುವುದು, ಎರಡೇ. ನಿಮ್ಮ ಪ್ರೋಬ್ ಗೋಡೆಯ ಮೇಲಿದೆ. ಗೋಡೆ ನಿಧಾನ ಕಾಯುತ್ತೆ. ಅದು 38 ಮುಟ್ಟುವಷ್ಟರಲ್ಲಿ ಬಲ್ಬ್‌ನ ನೇರ ಕೆಳಗಿರುವ ದಿಮ್ಮಿ 49 ದಾಟಿರುತ್ತೆ. ಆಮೇಲೆ ಬಲ್ಬ್ ಆರುತ್ತೆ, ಗೋಡೆ ತಣ್ಣಗಾಗುವವರೆಗೆ ಹೊತ್ತುವುದಿಲ್ಲ, ಅಷ್ಟರಲ್ಲಿ ದಿಮ್ಮಿ 34ಕ್ಕೆ ಇಳಿದಿರುತ್ತೆ. ಬಲ್ಬ್ ಸುಡುವುದಕ್ಕೂ ಇದೇ ಕಾರಣ. ತಣ್ಣಗಿರುವ ಟಂಗ್‌ಸ್ಟನ್ ತಂತಿಯ ರೋಧ ಕಾದಾಗಿನದರ ಹತ್ತನೇ ಒಂದು ಭಾಗಕ್ಕಿಂತಲೂ ಕಡಿಮೆ, ಹಾಗಾಗಿ ಪ್ರತಿ ಸಲ ಹೊತ್ತಿಕೊಂಡಾಗಲೂ ಒಂದು ಕ್ಷಣ ಭಾರೀ ಕರೆಂಟ್ ಹರಿಯುತ್ತೆ. ದಿನಕ್ಕೆ ಅಷ್ಟೊಂದು ಸಲ ಹೀಗಾದರೆ ಯಾವ ಕಂಪನಿಯ ಬಲ್ಬೂ ಬಾಳುವುದಿಲ್ಲ.

ಬೆಳಕು ಕೊಡುವ ಬಲ್ಬ್‌ಗೆ ಬೇಕಾದ್ದು ಡಿಮ್ಮಿಂಗ್ ಥರ್ಮೋಸ್ಟಾಟ್. ಅದು ಕರೆಂಟನ್ನು ಸ್ವಲ್ಪ ಸ್ವಲ್ಪವೇ ಏರಿಸಿ ಇಳಿಸಿ ಒಂದೇ ಮಟ್ಟದಲ್ಲಿ ನಿಲ್ಲಿಸುತ್ತೆ. ಕರೆಂಟನ್ನು ಬಿಟ್ಟು ಬಿಟ್ಟು ಕೊಡುವ ಪಲ್ಸ್ ಥರ್ಮೋಸ್ಟಾಟ್ ಕೊಳ್ಳಬೇಡಿ. ಅದು ಸೆರಾಮಿಕ್ ಹೀಟರ್‌ಗೆ, ಮ್ಯಾಟ್‌ಗೆ ಸರಿ, ಬಲ್ಬ್‌ಗೆ ಹಾಕಿದರೆ ಮಿಣಮಿಣ ಅನ್ನುತ್ತೆ. ಮರ್ಕ್ಯುರಿ ವೇಪರ್ ಬಲ್ಬ್‌ ಇರುವವರು ಗಮನಿಸಿ, ಅದನ್ನು ಡಿಮ್ ಮಾಡಲಾಗದು. ಯುವಿಬಿ ಟ್ಯೂಬನ್ನು ಬೇರೆ ಟೈಮರ್ ಮೇಲೆ ಇಟ್ಟಿದ್ದೀರಿ, ಅದು ಸರಿಯಾಗಿದೆ, ಹಾಗೇ ಇರಲಿ.

ಇನ್ನು ಪ್ರೋಬ್. ರಬ್ಬರ್ ಬಟ್ಟಲು ಶಾಖಕ್ಕೆ ಗಟ್ಟಿಯಾಗಿ ಒಂದಲ್ಲ ಒಂದು ದಿನ ಬಿಟ್ಟುಕೊಳ್ಳುತ್ತೆ. ಪ್ರೋಬ್ ತಂಪಾದ ನೆಲಕ್ಕೆ ಬಿತ್ತೋ, ಪೆಟ್ಟಿಗೆ ತಣ್ಣಗಿದೆ ಎಂದುಕೊಂಡು ಥರ್ಮೋಸ್ಟಾಟ್ ಬಲ್ಬನ್ನು ಪೂರ್ತಿ ಉರಿಸುತ್ತಲೇ ಇರುತ್ತೆ. ಮುಚ್ಚಿದ ಪೆಟ್ಟಿಗೆಯಲ್ಲಿ ಪ್ರಾಣಿ ಸಾಯುವುದು ಹೀಗೇ. ಗೋಡೆಗೆ ಸ್ಕ್ರೂ ಹಾಕುವ ಪ್ಲಾಸ್ಟಿಕ್ ಕ್ಲಿಪ್ ಎರಡು ಸಾಕು, ತುದಿಯಿಂದ 3 ಸೆಂ.ಮೀ. ಬಿಟ್ಟು ಒಂದು, ತಂತಿಯ ಮೇಲೆ ಇನ್ನೊಂದು. ಜಾಗ: ಬಿಸಿ ತುದಿಯಲ್ಲೇ, ಪ್ರಾಣಿಯ ಬೆನ್ನಿನ ಎತ್ತರಕ್ಕೆ, ಬಲ್ಬ್‌ನ ಬೆಳಕಿನ ವೃತ್ತದಿಂದ ಒಂದು ಗೇಣು ಆಚೆ. ಪ್ರಾಣಿ ಅದರ ಮೇಲೆ ಮಲಗುವಂತಿರಬಾರದು, ಹಿಕ್ಕೆ ಬೀಳುವಂತೆಯೂ ಇರಬಾರದು.

ಆಮೇಲೆ ಥರ್ಮೋಸ್ಟಾಟ್‌ನ ಸಂಖ್ಯೆಯನ್ನೇ ನಂಬಿ ಕೂರಬೇಡಿ. ಪ್ರೋಬ್ ಇರುವ ಜಾಗದ ಶಾಖ ಬೇರೆ, ದಿಮ್ಮಿಯ ಮೇಲ್ಮೈ ಶಾಖ ಬೇರೆ. 30ಕ್ಕೆ ಇಡಿ, ಒಂದು ಗಂಟೆ ಬಿಡಿ, ಗನ್‌ನಿಂದ ದಿಮ್ಮಿಯ ಶಾಖ ನೋಡಿ. ಕಡಿಮೆ ಬಂದರೆ ಒಂದು ಡಿಗ್ರಿ ಏರಿಸಿ ಮತ್ತೆ ಒಂದು ಗಂಟೆ ಕಾಯಿರಿ. ದಿಮ್ಮಿಯ ಮೇಲೆ 40ರಿಂದ 42 ಬಂದಾಗ ನಿಲ್ಲಿಸಿ. ಆಗ ಥರ್ಮೋಸ್ಟಾಟ್ 33 ಎಂದಿರಲಿ, 35 ಎಂದಿರಲಿ, ಅದು ನಿಮ್ಮ ಪೆಟ್ಟಿಗೆಯ ಲೆಕ್ಕ. ಬೇರೆಯವರ ಸಂಖ್ಯೆ ನಿಮಗೆ ಆಗಿಬರುವುದಿಲ್ಲ.

ತಂಪು ತುದಿಯ ಗಾಳಿ 24ರಿಂದ 26 ಇರಬೇಕು. ಈ ಎರಡು ತುದಿಗಳ ಅಂತರವೇ ಪ್ರಾಣಿಗೆ ಜೀವ. ಅದು ಬಿಸಿಗೆ ಬಂದು ಮೈಶಾಖವನ್ನು 35ರ ಆಸುಪಾಸಿಗೆ ತಂದುಕೊಳ್ಳುತ್ತೆ, ಸಾಕಾದಾಗ ಎದ್ದು ತಂಪಿಗೆ ಹೋಗುತ್ತೆ. ಆ ಆಯ್ಕೆಯನ್ನು ನಾವು ಕಿತ್ತುಕೊಳ್ಳಬಾರದು.

ಡಯಲ್ ಥರ್ಮಾಮೀಟರನ್ನು ಕಿತ್ತುಬಿಡಿ. ಅದು ತಾನು ಅಂಟಿರುವ ಗೋಡೆಯ ಶಾಖವನ್ನು ಹೇಳುತ್ತೆ, ಅದೂ ಸರಿಯಾಗಿ ಹೇಳುವ ಭರವಸೆಯಿಲ್ಲ. ತಂತಿಯ ತುದಿಯಲ್ಲಿ ಪ್ರೋಬ್ ಇರುವ ಡಿಜಿಟಲ್ ಥರ್ಮಾಮೀಟರ್ ತುದಿಗೊಂದರಂತೆ ಎರಡು ಹಾಕಿ. ಗನ್ ಹಿಡಿಯುವಾಗ ಗಾಜಿನ ಬಾಗಿಲು ತೆರೆದಿರಲಿ. ಗಾಜಿನ ಆಚೆಯಿಂದ ಹಿಡಿದರೆ ಗಾಜಿನ ಶಾಖವೇ ಬರುತ್ತೆ. 12:1 ಎಂದು ಬರೆದಿರುವ ಗನ್ 30 ಸೆಂ.ಮೀ. ದೂರದಿಂದ 2.5 ಸೆಂ.ಮೀ. ಅಗಲದ ವೃತ್ತವನ್ನು ಅಳೆಯುತ್ತೆ. ಲೇಸರ್ ಚುಕ್ಕೆ ಬರೀ ದಿಕ್ಕು ತೋರಿಸಲಿಕ್ಕೆ. ತೀರಾ ಹತ್ತಿರ ಹಿಡಿದರೆ ಅಳತೆಯ ಜಾಗವೇ ಚುಕ್ಕೆಯಿಂದ ಪಕ್ಕಕ್ಕೆ ಸರಿದಿರುತ್ತೆ.

ಹಂಚಿನಮನೆ

ಕಲ್ಲುಬಂಡೆಯವರು ಹೇಳಿದ್ದಕ್ಕೆ ಎರಡು ಸೇರಿಸುತ್ತೇನೆ.

ಸ್ಪಾಟ್ ಬಲ್ಬ್ ಬದಲು ಬೆಳಕನ್ನು ಅಗಲಕ್ಕೆ ಚೆಲ್ಲುವ ಫ್ಲಡ್ ಬಲ್ಬ್ ತನ್ನಿ. ಬೆಳೆದ ಡ್ರ್ಯಾಗನ್‌ನ ಮುಂಡವೇ ಸುಮಾರು 20 ಸೆಂ.ಮೀ. ಇರುತ್ತೆ. ಸ್ಪಾಟ್‌ನ ಕಿರಿದಾದ ಕಿರಣ ಬೀಳುವುದು ಬೆನ್ನಿನ ಒಂದು ಕಡೆಗೆ ಮಾತ್ರ, ಮಧ್ಯೆ ಮಾತ್ರ ಕಾದ ದೋಸೆ ಕಾವಲಿಯ ಹಾಗೆ. ಮೈಯೆಲ್ಲ ಬೆಚ್ಚಗಾಗಲೆಂದು ಪ್ರಾಣಿ ಅಲ್ಲೇ ಹೆಚ್ಚು ಹೊತ್ತು ಮಲಗುತ್ತೆ, ಬೆನ್ನಿನ ಆ ಭಾಗ ಸುಡುತ್ತೆ. 50 ವ್ಯಾಟ್‌ನ ಎರಡು ಹ್ಯಾಲೊಜೆನ್ ಫ್ಲಡ್ ಬಲ್ಬ್‌ಗಳನ್ನು 12–15 ಸೆಂ.ಮೀ. ಅಂತರದಲ್ಲಿ ಹಾಕಿ, ಎರಡನ್ನೂ ಅದೇ ಡಿಮ್ಮಿಂಗ್ ಥರ್ಮೋಸ್ಟಾಟ್‌ಗೆ ಕೊಡಿ. ಎರಡಕ್ಕೂ ತಂತಿಯ ಗಾರ್ಡ್ ಇರಲೇಬೇಕು, ಈ ಪ್ರಾಣಿ ಎಗರುತ್ತೆ.

ದಿಮ್ಮಿಯ ಬದಲು 2–3 ಸೆಂ.ಮೀ. ದಪ್ಪದ ಸ್ಲೇಟ್ ಚಪ್ಪಡಿ ಇಡಿ. ಮರದ ಮೇಲ್ಮೈ ಬೇಗ ಕಾದು ಬೇಗ ಆರುತ್ತೆ, ಕಲ್ಲು ಶಾಖ ಹಿಡಿದಿಟ್ಟುಕೊಳ್ಳುತ್ತೆ. ಆದರೆ ಒಳಗೆ ಕರೆಂಟ್ ಹರಿಯುವ ಬಿಸಿಕಲ್ಲು ಬೇಡವೇ ಬೇಡ. ಬಿಸಿಲು ಮೇಲಿನಿಂದ ಬರುತ್ತೆಂಬ ಲೆಕ್ಕದಲ್ಲೇ ಆಸ್ಟ್ರೇಲಿಯಾದ ಒಳನಾಡಿನ ಈ ಪ್ರಾಣಿಯ ನಡವಳಿಕೆಯೆಲ್ಲ ಇದೆ. ಹೊಟ್ಟೆಯಡಿಯ ಕಲ್ಲು ಅತಿಯಾಗಿ ಕಾದರೂ ಎದ್ದು ಹೋಗದೆ ಸುಟ್ಟುಕೊಂಡ ಡ್ರ್ಯಾಗನ್‌ಗಳು ಎಷ್ಟೋ.

ರಾತ್ರಿಯ ವಿಷಯ. ದೀಪ ಆರಿದ ಮೇಲೆ ಶಾಖ ಇಳಿಯುವುದು ಒಳ್ಳೆಯದೇ, 18ರವರೆಗೆ ಇಳಿದರೆ ಆರೋಗ್ಯವಾಗಿರುವ ಬೆಳೆದ ಪ್ರಾಣಿಗೆ ಏನೂ ಮಾಡಬೇಕಿಲ್ಲ. ನಿಮ್ಮದು 15 ಅಂತೀರಿ, ಅಲ್ಲಿಗೆ ಹೀಟರ್ ಬೇಕು. 60 ಅಥವಾ 100 ವ್ಯಾಟ್‌ನ ಸೆರಾಮಿಕ್ ಹೀಟರ್, ಅದಕ್ಕೇ ಬೇರೆ ಥರ್ಮೋಸ್ಟಾಟ್, 19ಕ್ಕೆ ಇಡಿ. ನಿಮ್ಮ ಹಳೆಯ ಆನ್-ಆಫ್ ಈ ಕೆಲಸಕ್ಕೆ ಸಾಕು. ಅದರ ಮೇಲೆ ಎಷ್ಟು ವ್ಯಾಟ್ ತಡೆಯುತ್ತೆಂದು ಬರೆದಿರುತ್ತೆ, ನೋಡಿ ಜೋಡಿಸಿ. ಹೋಲ್ಡರ್ ಪಿಂಗಾಣಿಯದೇ ಆಗಬೇಕು. ಸೆರಾಮಿಕ್‌ನ ಮೈ 200 ಡಿಗ್ರಿ ದಾಟುತ್ತೆ, ಪ್ಲಾಸ್ಟಿಕ್ ಹೋಲ್ಡರ್ ಕರಗಿ ಶಾರ್ಟ್ ಆಗುತ್ತೆ. ಇದಕ್ಕೂ ಗಾರ್ಡ್ ಹಾಕಿ. ಬೆಳಕೇ ಇಲ್ಲದ್ದರಿಂದ ಕಾದಿದೆಯೋ ಇಲ್ಲವೋ ನಮಗೂ ಕಾಣುವುದಿಲ್ಲ, ಪ್ರಾಣಿಗೂ ಕಾಣುವುದಿಲ್ಲ. ಅಂಗಡಿಯವರು ಕೆಂಪು ಬಲ್ಬ್ ಕೊಡುತ್ತಾರೆ, ತಗೋಬೇಡಿ. ಡ್ರ್ಯಾಗನ್‌ಗೆ ಕೆಂಪು ಬೆಳಕು ಚೆನ್ನಾಗಿಯೇ ಕಾಣುತ್ತೆ, ನಿದ್ದೆ ಕೆಡುತ್ತೆ.

ಸೆರಾಮಿಕ್ಕನ್ನು ಹಗಲಿನ ಶಾಖಕ್ಕೆ ಬಳಸಬೇಡಿ. ಅದರಿಂದ ಬರುವುದು ದೀರ್ಘ ಅಲೆಯ ಇನ್‌ಫ್ರಾರೆಡ್, ಚರ್ಮದ ಮೇಲ್ಪದರದಲ್ಲೇ ನಿಂತುಬಿಡುತ್ತೆ. ಹ್ಯಾಲೊಜೆನ್‌ನ ಶಾಖ ಬಿಸಿಲಿನ ಹಾಗೆ ಮಾಂಸದವರೆಗೆ ಇಳಿಯುತ್ತೆ.

ಮರಳುದಿಬ್ಬ (ಲೀಡ್ಸ್, ಇಂಗ್ಲೆಂಡ್)

ಇಬ್ಬರಿಗೂ ತುಂಬ ಧನ್ಯವಾದ. ಡಿಮ್ಮಿಂಗ್ ಥರ್ಮೋಸ್ಟಾಟ್, 50ರ ಎರಡು ಫ್ಲಡ್, ಸ್ಲೇಟ್, ಸೆರಾಮಿಕ್ ಎಲ್ಲ ಹಾಕಿ ಆಯಿತು. ಪ್ರೋಬ್‌ಗೆ ಕ್ಲಿಪ್ ಹೊಡೆದಿದೆ. ಶಾಖ ಈಗ ಅಲ್ಲಾಡುವುದಿಲ್ಲ, ರಾತ್ರಿ 19 ನಿಲ್ಲುತ್ತೆ, ತಂಪು ತುದಿ 24. ಆದರೆ ಥರ್ಮೋಸ್ಟಾಟನ್ನು 36ಕ್ಕೆ ಏರಿಸಿದರೂ ಸ್ಲೇಟಿನ ಮೇಲೆ 37 ದಾಟುತ್ತಿಲ್ಲ. ಎರಡೂ ಬಲ್ಬ್ ಪೂರ್ತಿ ಬೆಳಗುತ್ತಿವೆ. 75ರವು ತರಲೇ? ಸ್ಲೇಟಿನ ಮೇಲ್ಮೈ ನೆಲದಿಂದ 15 ಸೆಂ.ಮೀ. ಎತ್ತರದಲ್ಲಿದೆ, ಯುವಿಬಿ ಟ್ಯೂಬ್ ಸೂರಿನಿಂದ 4 ಸೆಂ.ಮೀ. ಕೆಳಗಿದೆ.

ಕಲ್ಲುಬಂಡೆ

ಬಲ್ಬ್ ತರುವ ಮೊದಲು ಚಪ್ಪಡಿ ಎತ್ತರಿಸಿ ನೋಡಿ, ದುಡ್ಡಿಲ್ಲದೆ ಆಗುವ ಕೆಲಸ. ಬಲ್ಬ್‌ನ ಮುಖದಿಂದ ಬೆನ್ನಿಗೆ ಈಗ ಸುಮಾರು 22 ಸೆಂ.ಮೀ. ಇರಬಹುದು. 4 ಸೆಂ.ಮೀ. ಕಡಿಮೆಯಾದರೂ ಶಾಖದಲ್ಲಿ ಒಳ್ಳೇ ವ್ಯತ್ಯಾಸ ಕಾಣುತ್ತೆ.

ಆದರೆ ಚಪ್ಪಡಿ ಎತ್ತರಿಸಿದಾಗ ಪ್ರಾಣಿ ಯುವಿಬಿಗೂ ಹತ್ತಿರವಾಗುತ್ತೆ, ಇದನ್ನು ಬಹಳ ಜನ ಮರೆಯುತ್ತಾರೆ. ನಿಮ್ಮ ಲೆಕ್ಕ ಹೀಗಿದೆ: ಎತ್ತರ 60, ಅದರಲ್ಲಿ ಟ್ಯೂಬ್‌ಗೆ 4, ಚಪ್ಪಡಿಗೆ 15, ಬೆನ್ನಿನ ಎತ್ತರಕ್ಕೆ 5 ಕಳೆದರೆ ಉಳಿಯುವುದು 36 ಸೆಂ.ಮೀ. ಹಿಂದೆ ರಿಫ್ಲೆಕ್ಟರ್ ಇದ್ದು, ಮಧ್ಯೆ ಜಾಲರಿ ಇಲ್ಲದ 12 ಪರ್ಸೆಂಟ್ ಟಿ5 (ತೆಳು ಬಗೆಯ) ಟ್ಯೂಬ್‌ಗೆ 30ರಿಂದ 38 ಸೆಂ.ಮೀ. ಒಳ್ಳೆಯ ದೂರ. 4 ಸೆಂ.ಮೀ. ಏರಿಸಿದರೆ 32, ಇನ್ನೂ ಮಿತಿಯೊಳಗೇ ಇದೆ. ಅದಕ್ಕಿಂತ ಮೇಲೆ ಬೇಡ. ಅತಿಯಾದ ಯುವಿಯಿಂದ ಕಣ್ಣು ಊದಿಕೊಳ್ಳುತ್ತೆ. ಚಪ್ಪಡಿಯ ಕೆಳಗೆ ಇಟ್ಟಿಗೆಯನ್ನು ಮರಳಿನ ಮೇಲಲ್ಲ, ಪೆಟ್ಟಿಗೆಯ ತಳಕ್ಕೇ ತಾಗಿಸಿ ಇಡಿ. ಈ ಪ್ರಾಣಿ ಅಗೆಯುತ್ತೆ, ಅಡಿಯ ಮರಳು ಜಾರಿದರೆ ಕಲ್ಲು ಮೈಮೇಲೆ ಬೀಳುತ್ತೆ.

ಏರಿಸಿದ ಮೇಲೂ 40 ಬರದಿದ್ದರೆ ಒಂದನ್ನು ಮಾತ್ರ 75 ಮಾಡಿ. ಸರಿಯಾದ ವ್ಯಾಟ್ ಗೊತ್ತಾಗುವುದು ಹೀಗೆ: ಮನೆ ತಣ್ಣಗಿರುವ ಬೆಳಿಗ್ಗೆಯೂ ಬಲ್ಬ್ ಪೂರ್ತಿ ಉರಿಯದೆ ಮುಕ್ಕಾಲರಷ್ಟರಲ್ಲಿ ನಿಲ್ಲಬೇಕು. ದಿನವಿಡೀ ಪೂರ್ತಿ ಉರಿಯುತ್ತಿದ್ದರೆ ಶಕ್ತಿ ಸಾಲದು. ಕಿತ್ತಳೆ ಬಣ್ಣಕ್ಕೆ ಮಂಕಾಗಿದ್ದರೆ ಹೆಚ್ಚಾಯಿತು, ಬೆಳಕೂ ಕೆಡುತ್ತೆ.

ಥರ್ಮೋಸ್ಟಾಟ್ ಈಗ 36ರಲ್ಲಿದೆ ಅಂದಿರಿ. ಚಪ್ಪಡಿ ಏರಿಸುವ ಮೊದಲು ಅದನ್ನು 32ಕ್ಕೆ ಇಳಿಸಿ. ಇಲ್ಲದಿದ್ದರೆ ಕಲ್ಲು ಬಲ್ಬ್‌ಗೆ ಹತ್ತಿರ ಬಂದ ಮೇಲೂ ಅದು ತಡೆಯದೆ ಉರಿಸುತ್ತೆ.

ಬೇಸಿಗೆಗಾಲ (ಫೀನಿಕ್ಸ್, ಅರಿಜೋನಾ)

ಇಲ್ಲಿ ತದ್ವಿರುದ್ಧ, ತಂಪು ತುದಿಯನ್ನು 29ಕ್ಕಿಂತ ಕೆಳಗೆ ಇಳಿಸುವುದೇ ಕಷ್ಟ. ಲೀಡ್ಸ್‌ನವರಿಗೂ ಜುಲೈನಲ್ಲಿ ಒಂದೆರಡು ವಾರ ಇದು ಎದುರಾಗಬಹುದು, ಅದಕ್ಕೇ ಬರೆಯುತ್ತಿದ್ದೇನೆ. ಮರದ ಪೆಟ್ಟಿಗೆಯ ಹಿಂಗೋಡೆಯಲ್ಲಿ ತಂಪು ತುದಿಗೆ ಕೆಳಗಡೆ ಒಂದು ವೆಂಟ್, ಬಿಸಿ ತುದಿಗೆ ಮೇಲುಗಡೆ ಒಂದು ವೆಂಟ್ ಇರಬೇಕು. ಬಿಸಿಗಾಳಿ ಮೇಲಿನಿಂದ ಹೋದಂತೆ ತಣ್ಣನೆಯ ಗಾಳಿ ಕೆಳಗಿನಿಂದ ಬರುತ್ತೆ. ಪೆಟ್ಟಿಗೆಯನ್ನು ಗೋಡೆಗೆ ಒತ್ತಿ ಇಟ್ಟರೆ ಎರಡೂ ಮುಚ್ಚಿಹೋಗುತ್ತವೆ, 5 ಸೆಂ.ಮೀ. ಬಿಡಿ.

ಕಲ್ಲಿನ ಮೇಲೆ ಕೂತು ಬಾಯಿ ತೆರೆದರೆ ಗಾಬರಿ ಬೇಡ, ಹೆಚ್ಚಾದ ಶಾಖವನ್ನು ಹೊರಹಾಕುತ್ತಿದೆ. ತಂಪು ತುದಿಗೆ ಹೋಗಿಯೂ ಬಾಯಿ ತೆರೆದೇ ಇದ್ದರೆ ಇಡೀ ಪೆಟ್ಟಿಗೆ ಅತಿಯಾಗಿ ಕಾದಿದೆ. ಕೂಡಲೇ ದೀಪ ಆರಿಸಿ ಬಾಗಿಲು ತೆರೆಯಿರಿ.

ಹಂಚಿನಮನೆ

ಮರಳುದಿಬ್ಬ ಅವರೇ, ತಿನ್ನುವುದು ಕಡಿಮೆಯಾಗಿದೆ ಎಂದಿದ್ದಿರಿ. ತಣ್ಣಗಿರುವ ಹೊಟ್ಟೆಯಲ್ಲಿ ತಿಂದದ್ದು ಅರಗುವುದಿಲ್ಲ, ಒಳಗೇ ಕೊಳೆಯುತ್ತೆ. ಹಸಿವು ಕಡಿಮೆಯಾಗಿದ್ದಕ್ಕೆ ಹಿಂದಿನ ಏರುಪೇರೇ ಕಾರಣವಿರಬಹುದು. ದೀಪ ಹತ್ತಿ ಒಂದೆರಡು ಗಂಟೆ ಮೈ ಕಾಯಿಸಿಕೊಂಡ ಮೇಲೆ ಊಟ ಕೊಡಿ. ದೀಪ ಆರುವ ಎರಡು ಗಂಟೆ ಮುಂಚೆಯಿಂದ ಹುಳು ಕೊಡಬೇಡಿ. ಕರೆಂಟ್ ಹೋದ ದಿನ ಹೊಟ್ಟೆಗೆ ಏನೂ ಬೇಡ. ಬಿಸಿನೀರಿನ ಬಾಟಲಿಗೆ ಟವೆಲ್ ಸುತ್ತಿ ಒಂದು ಮೂಲೆಯಲ್ಲಿಟ್ಟು, ಪೆಟ್ಟಿಗೆಗೆ ಕಂಬಳಿ ಹೊದಿಸಿದರೆ ಕೆಲವು ಗಂಟೆ ತಡೆದುಕೊಳ್ಳುತ್ತೆ.

ಮೂರು ವರ್ಷದ ಡ್ರ್ಯಾಗನ್ ಚಳಿಗಾಲದಲ್ಲಿ ತಾನಾಗಿ ಮಂಕಾಗಿ ವಾರಗಟ್ಟಲೆ ಮಲಗುವುದೂ ಉಂಟು. ಆದರೆ ಶಾಖ ಸರಿಯಾದ ಮೇಲೆ ಎರಡು ವಾರ ಕಳೆದರೂ ತಿನ್ನದಿದ್ದರೆ, ಇದು ಅದೇ ಇರಬೇಕು ಎಂದು ಬಿಡಬೇಡಿ. ಅಡಿಗೆಮನೆಯ ತಕ್ಕಡಿಯಲ್ಲಿ ವಾರಕ್ಕೊಮ್ಮೆ ತೂಕ ಬರೆದಿಡಿ. ಸುಮ್ಮನೆ ಮಲಗಿದ್ದಾದರೆ ತೂಕ ಹೆಚ್ಚು ಇಳಿಯುವುದಿಲ್ಲ. ತೂಕ ಇಳಿಯುತ್ತಿದ್ದರೆ ಹೊಸ ಹಿಕ್ಕೆಯೊಂದಿಗೆ ಸರೀಸೃಪ ನೋಡುವ ಪಶುವೈದ್ಯರ ಹತ್ತಿರ ಹೋಗಿ, ಹೊಟ್ಟೆಹುಳುವಿನ ಪರೀಕ್ಷೆ ಮಾಡಿಸಿ.

ಮರಳುದಿಬ್ಬ (ಲೀಡ್ಸ್, ಇಂಗ್ಲೆಂಡ್)

ಥರ್ಮೋಸ್ಟಾಟ್ 32ಕ್ಕೆ ಇಳಿಸಿ ಚಪ್ಪಡಿ 4 ಸೆಂ.ಮೀ. ಏರಿಸಿದೆ, ಆಮೇಲೆ ಒಂದೊಂದೇ ಡಿಗ್ರಿ ಮೇಲಕ್ಕೆ ತಂದೆ. ಈಗ 34ರಲ್ಲಿ ಸ್ಲೇಟಿನ ಮಧ್ಯೆ 41, ಅಂಚಿನಲ್ಲಿ 39. ಬಲ್ಬ್‌ಗಳು ಸ್ವಲ್ಪ ಮಂಕಾಗಿಯೇ ನಿಲ್ಲುತ್ತಿವೆ. ಪೆಟ್ಟಿಗೆ ಗೋಡೆಗೆ ಒತ್ತಿಕೊಂಡೇ ಇತ್ತು, ಮುಂದಕ್ಕೆ ಎಳೆದಿದೆ. ತೂಕ 412 ಗ್ರಾಂ, ಮುಂದಿನ ಭಾನುವಾರ ಮತ್ತೆ ನೋಡಿ ಇಲ್ಲೇ ಬರೆಯುತ್ತೇನೆ.