ಚಂದ್ರನ ನೆಲ 120 ಡಿಗ್ರಿ ಕಾದರೆ ಅಪೊಲೊದವರ ಕಾಲು ಯಾಕೆ ಸುಡಲಿಲ್ಲ?

ಶಿಡ್ಲಘಟ್ಟ_ಟೀಚರ್:

ಎಲ್ಲರಿಗೂ ನಮಸ್ಕಾರ. ನಾನು ಚಿಕ್ಕಬಳ್ಳಾಪುರ ಜಿಲ್ಲೆಯಲ್ಲಿ, ಶಿಡ್ಲಘಟ್ಟದ ಹತ್ತಿರ ಒಂದು ಹೈಸ್ಕೂಲಿನಲ್ಲಿ ವಿಜ್ಞಾನ ಹೇಳಿಕೊಡುತ್ತೇನೆ. ಆಗಸ್ಟ್ 23ರ ಬಾಹ್ಯಾಕಾಶ ದಿನಕ್ಕೆ ಅಂತ ಎಂಟನೇ ಕ್ಲಾಸಿನ ಮಕ್ಕಳು ಚಾರ್ಟ್ ಮಾಡುತ್ತಿದ್ದಾರೆ. "ಚಂದ್ರ: ಹಗಲು 120 ಡಿಗ್ರಿ, ರಾತ್ರಿ ಮೈನಸ್ 170" ಅಂತ ದಪ್ಪಕ್ಷರದಲ್ಲಿ ಬರೆದಿದ್ದಾರೆ. ಆಗ ಒಬ್ಬ ಹುಡುಗಿ ಎದ್ದು, "ಮಿಸ್, ಅಲ್ಲಿ ಗಾಳಿನೇ ಇಲ್ಲ ಅಂದ್ರಿ. ಹಾಗಾದ್ರೆ ಈ 120 ಯಾವುದರ ಬಿಸಿ?" ಅಂತ ಕೇಳಿದಳು. ಅವಳ ಹಿಂದೆಯೇ ಇನ್ನೊಬ್ಬ, "ನೀರು ಕುದಿಯೋದಕ್ಕಿಂತ ಜಾಸ್ತಿ ಬಿಸಿ ಅಲ್ವಾ, ಅಮೆರಿಕದ ಅಪೊಲೊ ನೌಕೆಯಲ್ಲಿ ಹೋದವರೆಲ್ಲ ಹೆಂಗೆ ನಡೆದಾಡಿದ್ರು, ಕಾಲು ಸುಡಲಿಲ್ವಾ?" ಅಂದ.

ಇಷ್ಟು ಒಳ್ಳೆಯ ಪ್ರಶ್ನೆಗೆ ಒಂದು ಸಾಲಿನ ಉತ್ತರ ಕೊಟ್ಟು ಕೂರಿಸಲು ನನಗೆ ಮನಸ್ಸು ಬರಲಿಲ್ಲ. ನನ್ನದೂ ಒಂದು ಸೇರಿಸುತ್ತೇನೆ. ಚಂದ್ರಯಾನ-3ರಲ್ಲಿ ಇಳಿದ ನಮ್ಮ ವಿಕ್ರಮ್ ಲ್ಯಾಂಡರ್ ಕಳಿಸಿದ ಲೆಕ್ಕದಲ್ಲಿ ನೆಲದ ಬಿಸಿ 50-60 ಡಿಗ್ರಿ ಅಂತ ಪೇಪರಿನಲ್ಲಿ ಬಂದಿತ್ತಲ್ಲ, ಅದಕ್ಕೂ ಈ 120ಕ್ಕೂ ಹೇಗೆ ತಾಳೆ ಹಾಕುವುದು? ಗೊತ್ತಿರುವವರು ಮಕ್ಕಳಿಗೆ ದಾಟಿಸುವ ಹಾಗೆ ಬಿಡಿಸಿ ಹೇಳಿ.

ನಂದಿ_ತಪ್ಪಲು:

ಟೀಚರ್, ಆ ಹುಡುಗಿ ಸರಿಯಾದ ಜಾಗಕ್ಕೇ ಕೈ ಹಾಕಿದ್ದಾಳೆ. ನಮ್ಮಲ್ಲಿ "ಇವತ್ತು 36 ಡಿಗ್ರಿ" ಅಂದರೆ ಅದು ನೆರಳಿನಲ್ಲಿರುವ ಗಾಳಿಯ ಬಿಸಿ. ಚಂದ್ರನಲ್ಲಿ ಹೇಳುವ 120 ಬರೀ ನೆಲದ ಬಿಸಿ, ಅದರಲ್ಲೂ ನೆಲದ ಮೇಲಿನ ತೆಳು ಪದರದ ಬಿಸಿ. 2009ರಲ್ಲಿ ಹೋದ, ಚಂದ್ರನನ್ನು ಸುತ್ತುವ ನಾಸಾದ ಎಲ್‌ಆರ್‌ಒ ನೌಕೆಯಲ್ಲಿ ಡಿವೈನರ್ ಅಂತ ಒಂದು ಉಪಕರಣ ಇದೆ. ನೆಲದಿಂದ ಹೊರಡುವ ಇನ್‌ಫ್ರಾರೆಡ್ ಕಿರಣಗಳನ್ನು ಮೇಲಿನಿಂದಲೇ ನೋಡಿ ಅದು ಬಿಸಿಯನ್ನು ಲೆಕ್ಕ ಹಾಕುತ್ತದೆ. ಸಮಭಾಜಕದ ಹತ್ತಿರ ನಡು ಮಧ್ಯಾಹ್ನ ಸುಮಾರು 120, ಬೆಳಗಾಗುವ ಮುಂಚೆ ಸುಮಾರು ಮೈನಸ್ 170. ಹಾಗಾಗಿ ಮಕ್ಕಳ ಚಾರ್ಟ್ ತಪ್ಪಲ್ಲ, ಆದರೆ ಅದು ಒಂದು ಜಾಗದ, ಎರಡು ಹೊತ್ತಿನ ಲೆಕ್ಕ ಅಷ್ಟೇ.

ಇಷ್ಟು ಏರುಪೇರು ಯಾಕೆ ಅಂದರೆ, ಸೂರ್ಯನಿಂದ ಚಂದ್ರನೂ ನಾವೂ ಹೆಚ್ಚುಕಡಿಮೆ ಒಂದೇ ದೂರದಲ್ಲಿದ್ದೇವೆ, ಬೀಳುವ ಬಿಸಿಲೂ ಒಂದೇ. ಇಲ್ಲಿ ಆ ಬಿಸಿಲನ್ನು ಗಾಳಿ, ಮೋಡ, ಕೆರೆ, ಕಡಲು ಎಲ್ಲ ಹಂಚಿಕೊಂಡು ಅತ್ತಿತ್ತ ಸಾಗಿಸುತ್ತವೆ. ಅಲ್ಲಿ ಹಂಚಿಕೊಳ್ಳುವವರು ಯಾರೂ ಇಲ್ಲ. ಬಿಸಿಲು ಬಿದ್ದ ಮಣ್ಣೇ ಕಾಯಬೇಕು, ಅದೇ ಕಿರಣವಾಗಿ ಆಕಾಶಕ್ಕೆ ಬಿಸಿ ಬಿಡಬೇಕು. ಅದರ ಮೇಲೆ ಹಗಲು ನಮ್ಮ ಸುಮಾರು 14 ದಿನದಷ್ಟು ಉದ್ದ, ರಾತ್ರಿಯೂ ಅಷ್ಟೇ ಉದ್ದ.

ಇನ್ನು ಕಾಲು ಸುಡದ ವಿಷಯ. ಅಪೊಲೊದವರು ಒಬ್ಬರೂ ಚಂದ್ರನ ಮಧ್ಯಾಹ್ನದಲ್ಲಿ ಇಳಿಯಲಿಲ್ಲ! ಎಲ್ಲ ಆರು ಸಲವೂ ಇಳಿದಿದ್ದು ಚಂದ್ರನ ಬೆಳಗ್ಗೆ. 1969ರಲ್ಲಿ ಅಪೊಲೊ 11 ಇಳಿದಾಗ ಸೂರ್ಯ ದಿಗಂತದಿಂದ ಸುಮಾರು 10 ಡಿಗ್ರಿ ಕೋನದಷ್ಟೇ ಮೇಲೆ ಬಂದಿದ್ದ. ಓರೆ ಬಿಸಿಲಿನಲ್ಲಿ ಉದ್ದ ನೆರಳು ಬೀಳುವುದರಿಂದ ಹಳ್ಳ, ಬಂಡೆ ಕಣ್ಣಿಗೆ ಚೆನ್ನಾಗಿ ಕಾಣುತ್ತವೆ, ನೆಲವೂ ಇನ್ನೂ ಪೂರ್ತಿ ಕಾದಿರುವುದಿಲ್ಲ. ಚಂದ್ರನಲ್ಲಿ ಸೂರ್ಯ ನಮ್ಮ ಒಂದು ದಿನಕ್ಕೆ ಏರುವುದೇ ಸುಮಾರು 12 ಡಿಗ್ರಿ. ಮೂರು ದಿನ ಉಳಿದವರೂ ಮಧ್ಯಾಹ್ನ ಆಗುವುದರೊಳಗೆ ಹೊರಟಿದ್ದರು. ಬೂಟಿನಲ್ಲಿ ಬಿಸಿ ತಡೆಯುವ ಪದರಗಳಿದ್ದವು, ಸೂಟಿನ ಒಳಗೆ ಮೈಗೆ ತಾಗಿದಂತೆ ಸಣ್ಣ ಕೊಳವೆಗಳಲ್ಲಿ ತಣ್ಣೀರು ಹರಿಯುತ್ತಿತ್ತು. ಆ ನೀರು ಬೇಕಾಗಿದ್ದು ಮುಖ್ಯವಾಗಿ ಅವರ ಮೈಯದೇ ಬಿಸಿಗೆ. ಗಾಳಿಯಾಡದ ಸೂಟಿನಲ್ಲಿ ಕೆಲಸ ಮಾಡುವ ಮನುಷ್ಯನ ಮೈ ಬಿಸಿ ಹೊರಗೆ ಹೋಗಲು ಬೇರೆ ದಾರಿ ಇಲ್ಲವಲ್ಲ.

ಗೌರಿಬಿದನೂರು_ಗಡಿ:

ವಿಕ್ರಮ್ ವಿಷಯ ನಾನು ಹೇಳುತ್ತೇನೆ, ನನಗೆ ತುಂಬ ಇಷ್ಟವಾದ ಪ್ರಯೋಗ ಅದು. ಚಾಸ್ಟೆ ಅಂತ ಅದರ ಹೆಸರು. ಉದ್ದ ಮೊಳೆಯಂಥ ಒಂದು ಕಡ್ಡಿ, ಅದರ ಮೈಮೇಲೆ 10 ಸೆನ್ಸರ್. ಲ್ಯಾಂಡರ್ ಇಳಿದ ಮೇಲೆ ಕಡ್ಡಿಯನ್ನು ಮೆಲ್ಲಗೆ ಮಣ್ಣಿಗೆ ಒತ್ತುತ್ತಾ ಹೋದರು. ಮೇಲೆ 50-60 ಡಿಗ್ರಿ. ಬರೀ 8 ಸೆಂಟಿಮೀಟರ್ ಕೆಳಗೆ ಸುಮಾರು ಮೈನಸ್ 10! ನಿಮ್ಮ ಅಂಗೈ ಅಗಲದಷ್ಟು ಆಳ ಅದು, ಅಷ್ಟರಲ್ಲೇ 60-70 ಡಿಗ್ರಿ ಇಳಿದುಹೋಗಿದೆ.

120 ಬರದಿರುವುದಕ್ಕೆ ಕಾರಣ ಜಾಗ. ವಿಕ್ರಮ್ ಇಳಿದಿದ್ದು ದಕ್ಷಿಣಕ್ಕೆ 69 ಡಿಗ್ರಿ ಅಕ್ಷಾಂಶದ ಹತ್ತಿರ. ಅಲ್ಲಿ ನಡು ಮಧ್ಯಾಹ್ನವೂ ಸೂರ್ಯ ತಲೆ ಮೇಲೆ ಬರುವುದಿಲ್ಲ, ಬಿಸಿಲು ಓರೆಯಾಗಿಯೇ ಬೀಳುತ್ತದೆ. ಆಮೇಲೆ ವಿಜ್ಞಾನಿಗಳು ಎಲ್ಲ ಅಳತೆಯನ್ನೂ ಕೂತು ನೋಡಿ 2025ರಲ್ಲಿ ಪ್ರಕಟಿಸಿದರು. ಅದರಲ್ಲಿ ಇನ್ನೊಂದು ಸೊಗಸಾದ ವಿಷಯ ಇದೆ. ಕಡ್ಡಿ ನೆಟ್ಟ ಜಾಗದಲ್ಲಿ ಬಿಸಿ 82 ಡಿಗ್ರಿವರೆಗೂ ಏರಿತ್ತು, ಆದರೆ ಒಂದು ಮೀಟರ್ ಆಚೆ ಸಮತಟ್ಟು ನೆಲದಲ್ಲಿ 60ರ ಆಸುಪಾಸು. ಕಡ್ಡಿ ಇದ್ದ ಕಡೆ ನೆಲ ಸೂರ್ಯನ ಕಡೆಗೆ ಬರೀ 6 ಡಿಗ್ರಿ ವಾಲಿತ್ತು, ಅಷ್ಟಕ್ಕೇ ಈ ವ್ಯತ್ಯಾಸ. ಅದಕ್ಕೇ ಟೀಚರ್, "ಚಂದ್ರನ ಮೇಲೆ ಎಷ್ಟು ಡಿಗ್ರಿ" ಅಂತ ಯಾರಾದರೂ ಕೇಳಿದರೆ, ಎಲ್ಲಿ, ಯಾವಾಗ, ಎಷ್ಟು ಆಳದಲ್ಲಿ ಅಂತ ವಾಪಸ್ ಕೇಳುವುದನ್ನು ಮಕ್ಕಳಿಗೆ ಕಲಿಸಿ. ಅಷ್ಟು ಕಲಿತರೆ ಬೇಕಾದಷ್ಟಾಯಿತು.

ಕೆಜಿಎಫ್_ಹುಡುಗ:

ಮೇಲಿನ ಇಬ್ಬರೂ ಚೆನ್ನಾಗಿ ಹೇಳಿದ್ದಾರೆ. ಆಳದ ವಿಷಯ ಬಂತು ಅಂತ ನಾನೂ ಬರೆಯುತ್ತಿದ್ದೇನೆ, ನಮ್ಮಪ್ಪ ಕೋಲಾರದ ಚಾಂಪಿಯನ್ ರೀಫ್ ಚಿನ್ನದ ಗಣಿಯಲ್ಲಿ ಕೆಲಸ ಮಾಡಿದವರು. ಅಲ್ಲಿ 3 ಕಿಲೋಮೀಟರಿಗೂ ಕೆಳಗೆ ಬಂಡೆಯ ಬಿಸಿ 60 ಡಿಗ್ರಿ ದಾಟಿತ್ತು. ಮೇಲಿಂದ ತಂಪು ಗಾಳಿ ಊದದೆ ಕೆಲಸ ಮಾಡುವ ಹಾಗೇ ಇರಲಿಲ್ಲ.

ಚಂದ್ರನಲ್ಲೂ ಆಳಕ್ಕೆ ಹೋದರೆ ಬಿಸಿ ಏರುತ್ತದಾ ಅಂತ ನೋಡಲು ಅಪೊಲೊದವರು ನೆಲ ಕೊರೆದು ಥರ್ಮಾಮೀಟರ್ ಇಳಿಸಿದ್ದರು, 1971ರಲ್ಲಿ ಅಪೊಲೊ 15, 1972ರಲ್ಲಿ ಅಪೊಲೊ 17. ನಡುವೆ ಅಪೊಲೊ 16ರಲ್ಲಿ ಕಾಲಿಗೆ ಕೇಬಲ್ ಸಿಕ್ಕಿ ಕಿತ್ತುಬಂದು ಆ ಪ್ರಯೋಗವೇ ಕೈತಪ್ಪಿತು, ಅದನ್ನು ಓದಿದಾಗ ನನಗೆ ಈಗಲೂ ಸಂಕಟ ಆಗುತ್ತದೆ. ಉಳಿದ ಎರಡು ಕಡೆ ಸಿಕ್ಕ ಉತ್ತರ ಏನಪ್ಪ ಅಂದರೆ, ಒಂದು ಮೀಟರ್ ಕೆಳಗೆ ಹಗಲಿಲ್ಲ, ರಾತ್ರಿಯಿಲ್ಲ, ಯಾವಾಗಲೂ ಮೈನಸ್ 20ರ ಆಸುಪಾಸು. ಅಲ್ಲಿಂದ ಕೆಳಗೆ ಮೀಟರಿಗೆ ಒಂದೆರಡು ಡಿಗ್ರಿಯಂತೆ ಏರಿಕೆ. ಚಂದ್ರನ ಒಳಗಿಂದ ಬರುವ ಬಿಸಿ ಭೂಮಿಗಿಂತ ತುಂಬ ಕಮ್ಮಿ, ಆದರೂ ಕೋಲಾರದ ಗಟ್ಟಿ ಬಂಡೆಯಲ್ಲಿ ನೂರು ಮೀಟರ್ ಇಳಿದರೆ ಕಾಣುವ ಏರಿಕೆ ಅಲ್ಲಿ ಒಂದೇ ಮೀಟರಿನಲ್ಲಿ ಕಾಣುತ್ತದೆ. ಆ ಪುಡಿಮಣ್ಣು ಬಿಸಿಯನ್ನು ಸಾಗಗೊಡುವುದೇ ಇಲ್ಲ, ಕಣಗಳ ಸಂದಿಯಲ್ಲಿ ಗಾಳಿ ಕೂಡ ಇಲ್ಲ. ಒಲೆಯಲ್ಲಿ ಬೂದಿ ಮುಚ್ಚಿದ ಕೆಂಡ ಬೆಳಗಿನ ತನಕ ಆರದೆ ಇರುತ್ತದಲ್ಲ, ಅದೇ ಕೆಲಸ.

ಶಿಡ್ಲಘಟ್ಟ_ಟೀಚರ್:

ತುಂಬ ಥ್ಯಾಂಕ್ಸ್, ಮೂವರಿಗೂ. ಹಾಗಾದರೆ ಎಲ್ಲಕ್ಕಿಂತ ಚಳಿ ಜಾಗ ಯಾವುದು? ವಿಕ್ರಮ್ ಮತ್ತೆ ಏಳದೆ ಇದ್ದಿದ್ದು ಚಳಿಗೇನಾ? ಮತ್ತೆ ಇದನ್ನೆಲ್ಲ ಮಕ್ಕಳ ಕೈಯಲ್ಲಿ ಮಾಡಿಸಿ ತೋರಿಸೋಕೆ ಏನಾದರೂ ದಾರಿ ಇದೆಯಾ?

ನಂದಿ_ತಪ್ಪಲು:

ಚಳಿ ಅಂದರೆ ಧ್ರುವಗಳ ಹತ್ತಿರದ ಕುಳಿಗಳು. ಚಂದ್ರನ ಅಕ್ಷ ಬರೀ ಒಂದೂವರೆ ಡಿಗ್ರಿ ವಾಲಿರುವುದರಿಂದ ಕೆಲವು ಕುಳಿಗಳ ತಳಕ್ಕೆ ಬಿಸಿಲೇ ಇಳಿಯುವುದಿಲ್ಲ, ಅಲ್ಲಿ ಮೈನಸ್ 240ರ ಆಸುಪಾಸು ಸಿಕ್ಕಿದೆ. ನೀರಿನ ಮಂಜುಗಡ್ಡೆ ಅಲ್ಲೇ ಉಳಿದುಕೊಂಡಿರುವುದೂ ಆ ಚಳಿಯಿಂದಲೇ. ಹಿತವಾದ ಜಾಗವೂ ಇದೆ, ಟ್ರ್ಯಾಂಕ್ವಿಲಿಟಿ ಬಯಲಿನಲ್ಲಿ ಒಂದು ಆಳ ಗುಂಡಿಯ ನೆರಳಿನ ಭಾಗ ಸುಮಾರು 17 ಡಿಗ್ರಿಯಲ್ಲಿರುತ್ತದೆ ಅಂತ ಡಿವೈನರ್ ಲೆಕ್ಕದಿಂದ 2022ರಲ್ಲಿ ಹೇಳಿದ್ದಾರೆ.

ವಿಕ್ರಮ್ ಮತ್ತು ಅದರ ಜೊತೆ ಹೋದ ರೋವರ್ ಪ್ರಜ್ಞಾನ್ ಎರಡನ್ನೂ ಮಾಡಿದ್ದೇ ಚಂದ್ರನ ಒಂದು ಹಗಲಿನ ಕೆಲಸಕ್ಕೆ. ಅಷ್ಟು ಚಳಿಯ ರಾತ್ರಿ ಕಳೆಯಲು ಒಳಗೆ ಬಿಸಿ ಕೊಡುವ ವ್ಯವಸ್ಥೆ ಇರಲಿಲ್ಲ. ಚೀನಾದ ಚಾಂಗ್'ಇ-4ರಲ್ಲಿ ಅದಕ್ಕೆ ಅಂತಲೇ ವಿಕಿರಣದಿಂದ ಬಿಸಿ ಕೊಡುವ ವಸ್ತು ಇಟ್ಟಿದ್ದರು. 2023ರ ಸೆಪ್ಟೆಂಬರ್ 22ಕ್ಕೆ ಇಸ್ರೊ ವಿಕ್ರಮನ್ನು ಕರೆದು ನೋಡಿತು, ಉತ್ತರ ಬರಲಿಲ್ಲ. ಒಪ್ಪಿಸಿದ ಕೆಲಸವನ್ನು ಅದು ಅಷ್ಟರಲ್ಲಿ ಪೂರ್ತಿ ಮುಗಿಸಿತ್ತು ಅಂತ ಮಕ್ಕಳಿಗೆ ಮರೆಯದೆ ಹೇಳಿ.

ಕೆಜಿಎಫ್_ಹುಡುಗ:

ಟೀಚರ್, ಮಾಡಿಸೋಕೆ ಬೂದಿಯೇ ಸಾಕು. ಒಂದು ಬಕೆಟ್ ತುಂಬ ಒಣ ಬೂದಿ ಜರಡಿ ಹಿಡಿದು ಬಿಸಿಲಿಗೆ ಇಡಿ. ಲ್ಯಾಬಿನ ಎರಡು ಥರ್ಮಾಮೀಟರ್ ಬೇಕು, ಜ್ವರ ನೋಡುವುದು ಆಗುವುದಿಲ್ಲ, ಅದು 42ಕ್ಕೇ ನಿಲ್ಲುತ್ತದೆ. ಒಂದರ ಬುರುಡೆ 8 ಸೆಂಟಿಮೀಟರ್ ಆಳದಲ್ಲಿರಲಿ. ಇನ್ನೊಂದನ್ನು ಮೇಲೆ ಅಡ್ಡ ಮಲಗಿಸಿ, ಬುರುಡೆಗೆ ಒಂದು ಚಿಟಿಕೆ ಬೂದಿ ಉದುರಿಸಿ ಮುಚ್ಚಿ, ಇಲ್ಲದಿದ್ದರೆ ಗಾಜಿಗೆ ನೇರ ಬಿಸಿಲು ಹೊಡೆದು ಸುಳ್ಳು ಲೆಕ್ಕ ಬರುತ್ತದೆ. ಬೆಳಗ್ಗೆ ಪ್ರಾರ್ಥನೆ ಮುಗಿದ ಮೇಲೆ ಶುರು ಮಾಡಿ ಒಂದೊಂದು ಪಿರಿಯಡ್ ಬೆಲ್ಲಿಗೂ ಇಬ್ಬರು ಹೋಗಿ ಓದಿಕೊಂಡು ಬರಲಿ. ನಮ್ಮಲ್ಲಿ ಗಾಳಿ ಇರುವುದರಿಂದ ಚಂದ್ರನಷ್ಟು ಅಂತರ ಬರುವುದಿಲ್ಲ, ಆದರೂ ಎರಡು ಗೆರೆ ಬೇರೆ ಬೇರೆಯಾಗುವುದು ಗ್ರಾಫ್ ಶೀಟಿನಲ್ಲಿ ಚೆನ್ನಾಗಿ ಕಾಣುತ್ತದೆ. ಬೂದಿ ಒದ್ದೆ ಇದ್ದರೆ ಮಾತ್ರ ಏನೂ ಗೊತ್ತಾಗುವುದಿಲ್ಲ, ಹಿಂದಿನ ದಿನವೇ ಹರಡಿ ಒಣಗಿಸಿ.