120 ವರ್ಷದ ಬೆಲೆ ಸರಣಿಯಲ್ಲಿ 50 ವರ್ಷದ ಏರಿಳಿತ: ಇದು ಕೊಂಡ್ರಾಟಿಯೆವ್ ಅಲೆಯಾ?

ಮಂದಗತಿ
ಸಗಟು ಬೆಲೆ ಸೂಚ್ಯಂಕದ 120 ವರ್ಷಗಳ ವಾರ್ಷಿಕ ಅಂಕಿಗಳಿವೆ. ದೀರ್ಘಾವಧಿ ಪ್ರವೃತ್ತಿ ಕಳೆದು 9 ವರ್ಷಗಳ ಚಲಿಸುವ ಸರಾಸರಿ (ಪ್ರತಿ ವರ್ಷದ ಅಂಕಿಯ ಬದಲು ಅದರ ಸುತ್ತಲಿನ 9 ವರ್ಷಗಳ ಸರಾಸರಿ) ಹಾಕಿದರೆ ಸುಮಾರು 50 ವರ್ಷಕ್ಕೊಮ್ಮೆ ಏರಿ ಇಳಿಯುವ ನುಣುಪಾದ ಗೆರೆ ಬರುತ್ತದೆ. ರಷ್ಯಾದ ಅರ್ಥಶಾಸ್ತ್ರಜ್ಞ ಕೊಂಡ್ರಾಟಿಯೆವ್ 1920ರ ದಶಕದಲ್ಲಿ ಹೇಳಿದ, ಅರ್ಥವ್ಯವಸ್ಥೆ ಸುಮಾರು 50 ವರ್ಷಕ್ಕೊಮ್ಮೆ ಏರಿ ಇಳಿಯುವ ದೀರ್ಘ ಅಲೆ ಇದೇನಾ? ಹಾಗೆಯೇ ಸಾಂಕ್ರಾಮಿಕದ ಅಲೆ, ಪ್ರಜಾಪ್ರಭುತ್ವದ ಅಲೆ ಅಂತೆಲ್ಲ ಓದುತ್ತೇವಲ್ಲ, ಅವಕ್ಕೆ ಭೌತಶಾಸ್ತ್ರದ ತರಂಗ ಸಮೀಕರಣ ಹೊಂದುತ್ತದಾ?

ಸರಾಸರಿ_ಸಂಶಯಿ
ಗೆರೆ ಅಷ್ಟು ನುಣುಪಾಗಿದೆ ಅನ್ನುವುದೇ ಅನುಮಾನಕ್ಕೆ ಕಾರಣ. 1927ರಲ್ಲಿ ಅರ್ಥಶಾಸ್ತ್ರಜ್ಞ ಸ್ಲುಟ್‌ಸ್ಕಿ ಲಾಟರಿಯಲ್ಲಿ ಬಂದ ಅಂಕಿಗಳನ್ನು ತೆಗೆದುಕೊಂಡು ಹತ್ತತ್ತು ಅಂಕಿಗಳ ಚಲಿಸುವ ಮೊತ್ತ ಹಾಕಿದರು. ಬಂದ ಗೆರೆ 1855ರಿಂದ 1877ರವರೆಗಿನ ಇಂಗ್ಲೆಂಡಿನ ವ್ಯಾಪಾರ ಚಕ್ರದ ಸೂಚ್ಯಂಕವನ್ನೇ ಹೋಲುತ್ತಿತ್ತು. ಲಾಟರಿಗೆ ಚಕ್ರ ಎಲ್ಲಿಂದ ಬರಬೇಕು?

ಅರ್ಥಶಾಸ್ತ್ರಜ್ಞ ಕುಜ್ನೆಟ್ಸ್ ಕಂಡ ಸುಮಾರು 20 ವರ್ಷದ ಅಲೆಯ ಕಥೆ ಇನ್ನೂ ಸ್ಪಷ್ಟ. ಅವರ ಕ್ರಮ ಹೀಗೆ: ಮೊದಲು 5 ವರ್ಷಗಳ ಚಲಿಸುವ ಸರಾಸರಿ, ಆಮೇಲೆ 10 ವರ್ಷ ಅಂತರವಿರುವ ಎರಡು ಸರಾಸರಿಗಳ ವ್ಯತ್ಯಾಸ. ಏರಿಳಿತದ ಅವಧಿ 20 ವರ್ಷವಾದರೆ 10 ವರ್ಷ ಎಂದರೆ ಸರಿಯಾಗಿ ಅರ್ಧ ಸುತ್ತು. ಒಂದು ಕಡೆ ಶಿಖರ, ಇನ್ನೊಂದು ಕಡೆ ತಳ. ಕಳೆದರೆ ಎತ್ತರ ಇಮ್ಮಡಿ. ಅವಧಿ 10 ವರ್ಷವಾದರೆ ಎರಡೂ ಒಂದೇ ಹಂತದಲ್ಲಿರುತ್ತವೆ, ಕಳೆದರೆ ಸೊನ್ನೆ. ಎರಡೂ ಹೆಜ್ಜೆ ಸೇರಿ 20 ವರ್ಷದ ಏರಿಳಿತವನ್ನು ಸುಮಾರು 1.8 ಪಟ್ಟು ಹಿಗ್ಗಿಸುತ್ತವೆ, 10 ವರ್ಷದ್ದನ್ನು ಪೂರ್ತಿ ಅಳಿಸುತ್ತವೆ. 1968ರಲ್ಲಿ ಹೌರಿ ಇದನ್ನು ಎತ್ತಿ ತೋರಿಸಿದರು.

ನಿಮ್ಮ ಸರಣಿಗೆ ಇನ್ನೊಂದು ತೊಡಕಿದೆ. 120 ವರ್ಷದಲ್ಲಿ ಪೂರ್ಣ ಸುತ್ತುಗಳಾಗಿ ಕೂರುವ ಅವಧಿಗಳು 120, 60, 40, 30 ವರ್ಷ, ಹೀಗೆ ಇಳಿಯುತ್ತವೆ. 60ಕ್ಕೂ 40ಕ್ಕೂ ನಡುವೆ ಏನೂ ಇಲ್ಲ, ಹಾಗಾಗಿ "50 ವರ್ಷ" ಎಂದು ಖಚಿತವಾಗಿ ಹೇಳುವ ಶಕ್ತಿಯೇ ಈ ಅಂಕಿಗಳಿಗಿಲ್ಲ. ಪ್ರವೃತ್ತಿ ಕಳೆಯುವುದೂ ನಿರಪಾಯವಲ್ಲ. ಯಾದೃಚ್ಛಿಕ ನಡಿಗೆಯಿಂದ (ಪ್ರತಿ ವರ್ಷ ಹಿಂದಿನ ಅಂಕಿಗೆ ಗೊತ್ತುಗುರಿಯಿಲ್ಲದ ಒಂದು ಏರಿಕೆ ಅಥವಾ ಇಳಿಕೆ ಸೇರುತ್ತ ಹೋಗುವ ಸರಣಿಯಿಂದ) ಸರಳರೇಖೆ ಕಳೆದರೆ ಸರಣಿಯ ಉದ್ದದ ಸುಮಾರು 0.83 ಪಟ್ಟು ಅವಧಿಯ ಸುಳ್ಳು ಚಕ್ರ ಹುಟ್ಟುತ್ತದೆ ಎಂದು ನೆಲ್ಸನ್ ಮತ್ತು ಕಾಂಗ್ 1981ರಲ್ಲಿ ತೋರಿಸಿದ್ದಾರೆ. ನಿಮಗದು 100 ವರ್ಷ. ವಕ್ರರೇಖೆ ಕಳೆದಿದ್ದರೆ ಇನ್ನೂ ಕಡಿಮೆ.

ಮಾಡಬೇಕಾದ್ದು: ಲಾಗ್ ತೆಗೆದು ವಾರ್ಷಿಕ ಬದಲಾವಣೆಯ ಪ್ರಮಾಣ ವಿಚಲನೆ (ಸರಾಸರಿಯ ಸುತ್ತ ಅಂಕಿಗಳು ಎಷ್ಟು ಚೆದುರಿವೆ ಎಂಬ ಅಳತೆ) ನೋಡಿ. ಅದೇ ವಿಚಲನೆಯ 1000 ಯಾದೃಚ್ಛಿಕ ನಡಿಗೆಗಳನ್ನು ಕಂಪ್ಯೂಟರಿನಲ್ಲಿ ಸೃಷ್ಟಿಸಿ, ಪ್ರತಿಯೊಂದಕ್ಕೂ ನಿಮ್ಮದೇ ಪ್ರವೃತ್ತಿ, ನಿಮ್ಮದೇ 9 ವರ್ಷದ ಸರಾಸರಿ ಹಾಕಿ. ನಿಮ್ಮಷ್ಟೇ ಎತ್ತರದ ಏರಿಳಿತ 50ಕ್ಕಿಂತ ಹೆಚ್ಚು ನಡಿಗೆಗಳಲ್ಲಿ ಕಂಡರೆ ಅಲೆ ಇದೆ ಎಂಬ ವಾದ ಅಲ್ಲಿಗೇ ಮುಗಿಯಿತು. ಕೊಂಡ್ರಾಟಿಯೆವ್ ಕೈಯಲ್ಲಿದ್ದದ್ದೂ ಬರೀ ಎರಡೂವರೆ ಸುತ್ತು. ಅದರಲ್ಲಿ ಮೊದಲ ಮತ್ತು ಮೂರನೇ ಬೆಲೆ ಶಿಖರಗಳು ನೆಪೋಲಿಯನ್ ಯುದ್ಧಗಳ ಕಾಲಕ್ಕೆ, ಮೊದಲ ಮಹಾಯುದ್ಧದ ಕಾಲಕ್ಕೆ ಬೀಳುತ್ತವೆ. ಯುದ್ಧವೂ ಅಲೆಯ ಫಲವೇ ಎಂದು ಅವರು ವಾದಿಸಿದ್ದರು, ನನಗದು ಒಪ್ಪಿಗೆಯಾಗಿಲ್ಲ.

ಮುಂಚೂಣಿ
ಎರಡನೇ ಪ್ರಶ್ನೆಗೆ. ಡಿ'ಅಲಂಬರ್ 1747ರಲ್ಲಿ ಬರೆದ ತರಂಗ ಸಮೀಕರಣಕ್ಕೆ ಎರಡು ಬೇಕು: ಜಡತ್ವ, ಮತ್ತು ಮೊದಲ ಸ್ಥಿತಿಗೆ ಎಳೆಯುವ ಬಲ. ಅಂಥ ಎರಡು ಅಲೆ ಎದುರಾದರೆ ಕೂಡಿಕೊಂಡು, ಏನೂ ಆಗದಂತೆ ದಾಟಿ ಹೋಗುತ್ತವೆ. ರೋಗ, ಸುದ್ದಿ, ಹೊಸ ಉಪಕರಣ ಹಾಗಲ್ಲ. ಎರಡು ಕಾಳ್ಗಿಚ್ಚು ಎದುರಾದರೆ ಎರಡೂ ಆರುತ್ತವೆ, ಏಕೆಂದರೆ ಉರಿಯುವುದಕ್ಕೆ ಮುಂದೆ ಏನೂ ಉಳಿದಿರುವುದಿಲ್ಲ.

ಇವಕ್ಕೆ ಹೊಂದುವುದು 1937ರಲ್ಲಿ ಫಿಷರ್, ಹಾಗೂ ಪ್ರತ್ಯೇಕವಾಗಿ ಕೊಲ್ಮೊಗೊರೊವ್ ತಂಡ ಕೊಟ್ಟ ಸಮೀಕರಣ. ಮುಂಚೂಣಿಯ (ಹರಡುವಿಕೆಯ ಮುಂದಿನ ಅಂಚಿನ) ವೇಗ = 2 × (ಬೆಳವಣಿಗೆ ದರ × ವಿಸರಣ ಗುಣಾಂಕ)ದ ವರ್ಗಮೂಲ. ವಿಸರಣ ಗುಣಾಂಕ ಎಂದರೆ ಸುತ್ತಲೂ ಎಷ್ಟು ಬೇಗ ಚೆದುರುತ್ತದೆ ಎಂಬ ಅಳತೆ. ದರ ವರ್ಷಕ್ಕೆ 1, ಗುಣಾಂಕ ವರ್ಷಕ್ಕೆ 25 ಚದರ ಕಿ.ಮೀ. ಆದರೆ ವೇಗ ವರ್ಷಕ್ಕೆ 10 ಕಿ.ಮೀ. ದರ ನಾಲ್ಕು ಪಟ್ಟಾದರೂ ವೇಗ ಎರಡೇ ಪಟ್ಟು.

ಪರೀಕ್ಷೆ ಸುಲಭ. ಪ್ರತಿ ಜಾಗಕ್ಕೆ ಮೊದಲು ತಲುಪಿದ ದಿನವನ್ನು ಮೂಲದಿಂದ ಇರುವ ದೂರದ ಎದುರು ಗುರುತಿಸಿ. ಸರಳರೇಖೆ ಬಂದರೆ ಮುಂಚೂಣಿ. ದೂರದ ವರ್ಗದ ಎದುರು ಸರಳರೇಖೆ ಬಂದರೆ ಬರೀ ವಿಸರಣ. ಚುಕ್ಕಿಗಳು ಚೆಲ್ಲಾಪಿಲ್ಲಿಯಾಗಿ, ದೂರದ ದೊಡ್ಡ ನಗರಗಳೇ ಮೊದಲು ಬಂದರೆ ಅದು ಪ್ರಯಾಣ ಜಾಲದ ಜಿಗಿತ. ಆಗ ನಕ್ಷೆಯ ಮೇಲಿನ ದೂರಕ್ಕೆ ಅರ್ಥವಿಲ್ಲ.

ಕ್ರೀಡಾಂಗಣದಲ್ಲಿ ಪ್ರೇಕ್ಷಕರು ಎದ್ದು ಕೂರುವ ಅಲೆ ಮತ್ತೊಂದು ಜಾತಿ. 2002ರಲ್ಲಿ ಫಾರ್ಕಾಶ್, ಹೆಲ್ಬಿಂಗ್, ವಿಚೆಕ್ ಅಳೆದಂತೆ ಅದರ ವೇಗ ಸೆಕೆಂಡಿಗೆ ಸುಮಾರು 12 ಮೀಟರ್. ಕೂತವರು ತಕ್ಷಣ ಮತ್ತೆ ಏಳುವುದಿಲ್ಲವಾದ್ದರಿಂದ ಅದು ಹಿಂದಕ್ಕೆ ತಿರುಗುವುದಿಲ್ಲ.

ಹರ_ಛೇದ
ಸಾಂಕ್ರಾಮಿಕದ ಬಗ್ಗೆ ಒಂದು ಸೇರ್ಪಡೆ. ಸರಳ ಮಾದರಿಯಲ್ಲಿ ಶಿಖರ ಒಂದೇ. ಒಬ್ಬರಿಂದ ಮೂವರಿಗೆ ಹರಡುವ ರೋಗವಾದರೆ, ಸೋಂಕು ತಗಲಬಲ್ಲವರು ಮೂರನೇ ಒಂದಕ್ಕೆ ಇಳಿದಾಗ ಅದು ಇಳಿಮುಖವಾಗುತ್ತದೆ. ಎರಡನೇ ಅಲೆ ಬರಬೇಕಾದರೆ ರೋಗನಿರೋಧಕ ಶಕ್ತಿ ಕುಂದಬೇಕು, ರೋಗಾಣು ಬದಲಾಗಬೇಕು, ಇಲ್ಲವೇ ಜನ ಬೆರೆಯುವ ರೀತಿ ಬದಲಾಗಬೇಕು. ಬೇರೆ ಬೇರೆ ಪ್ರದೇಶಗಳ ಶಿಖರಗಳನ್ನು ಕೂಡಿದರೂ ಎರಡು ಗುಡ್ಡ ಕಾಣಬಹುದು. ಮೊದಲು ಪ್ರದೇಶವಾರು ಬಿಡಿಸಿ ನೋಡಿ.

ರಾಜ್ಯಶಾಸ್ತ್ರಜ್ಞ ಹಂಟಿಂಗ್ಟನ್‌ರ ಪ್ರಜಾಪ್ರಭುತ್ವದ ಅಲೆಗಳು (1828–1926, 1943–62, 1974ರಿಂದ ಮುಂದಕ್ಕೆ) ಕಾಲದಲ್ಲಿ ಗುಂಪುಗೂಡಿದ ಘಟನೆಗಳಷ್ಟೆ. ಅಲ್ಲಿ ಛೇದವನ್ನು, ಅಂದರೆ ಒಟ್ಟು ರಾಷ್ಟ್ರಗಳ ಸಂಖ್ಯೆಯನ್ನು, ಗಮನಿಸಿ: ಹೊಸದಾಗಿ ಸ್ವತಂತ್ರವಾದ ರಾಷ್ಟ್ರಗಳು ಪಟ್ಟಿಗೆ ಸೇರಿದಾಗ, ಒಂದೂ ಪ್ರಜಾಪ್ರಭುತ್ವ ಬೀಳದೆಯೇ ಶೇಕಡಾವಾರು ಇಳಿಯಬಹುದು. ಸಂಖ್ಯೆ ಮತ್ತು ಶೇಕಡಾ ಎರಡನ್ನೂ ಬರೆದುಕೊಳ್ಳಿ.

ಮಂದಗತಿ
ಪ್ರವೃತ್ತಿ, ಸರಾಸರಿ ಎರಡನ್ನೂ ಬಿಟ್ಟು ಬರೀ ವಾರ್ಷಿಕ ಬದಲಾವಣೆ ನೋಡಿದರೆ ಸಾಲದಾ?

ಸರಾಸರಿ_ಸಂಶಯಿ
ಅದೂ ಒಂದು ಸೋಸುವಿಕೆಯೇ. ವಾರ್ಷಿಕ ವ್ಯತ್ಯಾಸ 50 ವರ್ಷದ ಏರಿಳಿತವನ್ನು ಎಂಟನೇ ಒಂದಕ್ಕೆ ಕುಗ್ಗಿಸುತ್ತದೆ, 2 ವರ್ಷದ್ದನ್ನು ಇಮ್ಮಡಿ ಮಾಡುತ್ತದೆ. ಕಣ್ಣಿಗೆ ಅಲೆ ಕಾಣದು. ಆದರೆ ಸರಣಿಯನ್ನು ಬೇರೆ ಬೇರೆ ಅವಧಿಯ ಏರಿಳಿತಗಳಾಗಿ ಬಿಡಿಸಿ ನೋಡಿದರೆ, ಯಾದೃಚ್ಛಿಕ ನಡಿಗೆಯ ವ್ಯತ್ಯಾಸಕ್ಕೆ ಎಲ್ಲ ಅವಧಿಗಳಲ್ಲೂ ಸಮಾನ ಬಲವಿರುವುದರಿಂದ ಹೋಲಿಕೆ ಸಲೀಸು. 60 ಮತ್ತು 40 ವರ್ಷದ ಜಾಗದಲ್ಲಿ ನಿಮ್ಮ ಸರಣಿ ಆ ಸಮಮಟ್ಟಕ್ಕಿಂತ ಎಷ್ಟು ಮೇಲಿದೆ ನೋಡಿ, ಅಂಕಿಗಳನ್ನು ಇಲ್ಲೇ ಹಾಕಿ.